ಎಂಟನೇ ನಂಬರಿನ ಏಣಿ

ನನ್ನನ್ನು ಪೊಲೀಸರು ಹಿಡಿದುಕೊಂಡು ಹೋಗಬಹುದು ಎಂದು ನನಗೆ ಮೊದಲು ಹೇಳಿದವಳು ನನ್ನ ಸೊಸೆ. ಆಗ ಊಟದ ಹೊತ್ತು. ನಾನು ಕಾರ್ಖಾನೆಯ ಹಿಂಬಾಗಿಲಲ್ಲಿ ನಿಂತು ಹದಿನೆಂಟು ಮೆಟ್ಟಿಲಿನ ಒಂದು ಏಣಿಗೆ ಎಣ್ಣೆ ಕುಡಿಸುತ್ತಿದ್ದೆ. ಅವಳು ವಕೀಲೆ. ಕಪ್ಪು ಕೋಟು ಕೂಡ ಬಿಚ್ಚದೆ ಕೋರ್ಟಿನಿಂದ ನೇರ ಬಂದು, "ಅತ್ತೆ, ಕೈ ತೊಳ್ಕೊಂಡು ಬನ್ನಿ. ಕೂತು ಮಾತಾಡೋ ವಿಷಯ" ಎಂದಳು.

"ನಿಂತ್ಕೊಂಡೇ ಹೇಳು. ಎಣ್ಣೆ ಅರ್ಧಕ್ಕೆ ಬಿಟ್ರೆ ಕಲೆ ಉಳಿಯುತ್ತೆ."

ಅವಳು ನಿಂತುಕೊಂಡೇ ಹೇಳಿದಳು. ಕಾರ್ಮಿಕರ ವಿಮಾ ಕಚೇರಿಯವರು ಠಾಣೆಗೆ ದೂರು ಕೊಟ್ಟಿದ್ದಾರೆ. ಒಬ್ಬರ ಹೆಸರಿನ ವಿಮಾ ಕಾರ್ಡು ತೋರಿಸಿ ಇನ್ನೊಬ್ಬರಿಗೆ ಚಿಕಿತ್ಸೆ ಕೊಡಿಸಿದ್ದಾರೆ, ಇದು ಮೋಸ ಎಂದು ಬರೆದಿದ್ದಾರೆ. ಮೊದಲ ಆರೋಪಿ ಕಾರ್ಖಾನೆಯ ಯಜಮಾನಿ, ಅಂದರೆ ನಾನು. ಎರಡನೆಯ ಸಾಲಿನಲ್ಲಿ 'ಮತ್ತು ಇತರರು' ಎಂದಿದೆ. ಯಾವ ಗಳಿಗೆಯಲ್ಲಾದರೂ ಬಂದು ಕರೆದುಕೊಂಡು ಹೋಗಬಹುದು.

ಮೋಸ ಎಂಬ ಮಾತು ಕೇಳಿ ನನ್ನ ಕೈ ನಿಂತುಬಿಟ್ಟಿತು. ಕಲೆ ಉಳಿಯಿತು. ಆ ಏಣಿಯನ್ನು ನಾನು ಮಾರಲಿಲ್ಲ, ಈಗಲೂ ಶೆಡ್ಡಿನ ಗೋಡೆಗೆ ಒರಗಿಕೊಂಡಿದೆ.

ನಮ್ಮದು ಏಣಿ ಮಾಡುವ ಕಾರ್ಖಾನೆ. ಕಾರ್ಖಾನೆ ಎಂದರೆ ದೊಡ್ಡ ಮಾತಾಯಿತು. ಉದ್ದನೆಯ ಒಂದು ಶೆಡ್ಡು, ಮರ ಒಣಗಿಸಲು ಒಂದು ಅಟ್ಟ, ಮರ ಹೆರೆಯುವ ಒಂದು ಮೆಷಿನ್ನು, ನನ್ನನ್ನೂ ಸೇರಿಸಿ ಹನ್ನೊಂದು ಜನ. ಆದರೆ ಮೂವತ್ತೆಂಟು ವರ್ಷದಲ್ಲಿ ನಮ್ಮ ಏಣಿಯ ಮೆಟ್ಟಿಲು ಮುರಿದು ಒಬ್ಬರೂ ಬಿದ್ದಿಲ್ಲ. ಇದನ್ನು ಜಂಬಕ್ಕೆ ಹೇಳುತ್ತಿದ್ದೇನೆ ಅಂದುಕೊಂಡರೆ ಅಂದುಕೊಳ್ಳಿ. ಜಂಬವೇ.

ಅದಕ್ಕೆ ಕಾರಣ ನನ್ನ ಗಂಡ ಹಾಕಿಕೊಟ್ಟ ಪದ್ಧತಿ. ನಮ್ಮಲ್ಲಿ ಯಾರನ್ನೂ ಹೆಸರು ಹಿಡಿದು ಕರೆಯುವುದಿಲ್ಲ. ಪ್ರತಿಯೊಬ್ಬರಿಗೂ ಒಂದು ನಂಬರು. ಏಣಿ ಹೊರಗೆ ಹೋಗುವ ಮುಂಚೆ ಅದನ್ನು ಮಾಡಿದವರೇ ತುದಿಯವರೆಗೆ ಹತ್ತಿ, ಎರಡೂ ಕೈ ಬಿಟ್ಟು ನಿಂತು, ತಮ್ಮ ನಂಬರು ಕೂಗಬೇಕು. ಕೆಳಗಿನಿಂದ ಯಜಮಾನರು 'ಇಳಿ' ಎನ್ನಬೇಕು. ಅಲ್ಲಿಯವರೆಗೆ ಇಳಿಯುವಂತಿಲ್ಲ. ಒಂದು ಸಲ ನಾನು ಫೋನಿನಲ್ಲಿ ಹರಟೆ ಹೊಡೆಯುತ್ತ ಮರೆತು, ಮೂರನೇ ನಂಬರಿನವನು ಇಪ್ಪತ್ತು ನಿಮಿಷ ಮೇಲೇ ನಿಂತಿದ್ದ. ಅದನ್ನು ಅವನು ಇವತ್ತಿಗೂ ಆಡಿಕೊಳ್ಳುತ್ತಾನೆ. ಇಳಿದ ಮೇಲೆ, ಮೇಲಿನ ಮೆಟ್ಟಿಲಿನ ನೆತ್ತಿಯ ಮೇಲೆ, ಕಾದ ಕಬ್ಬಿಣದಲ್ಲಿ ಆ ನಂಬರು ಮತ್ತು ಇಸವಿಯ ಮುದ್ರೆ ಒತ್ತುತ್ತೇವೆ. ಕೆಳಗಿನಿಂದ ನೋಡಿದರೆ ಅದು ಕಾಣುವುದಿಲ್ಲ. ಅಷ್ಟು ಎತ್ತರ ಹತ್ತಿದವರಿಗೆ ಮಾತ್ರ ಕಾಣುತ್ತದೆ. ಯಾರನ್ನು ನಂಬಿ ಹತ್ತಿದೆ ಅನ್ನುವುದು ಅವರಿಗೆ ಗೊತ್ತಾದರೆ ಸಾಕು ಎನ್ನುತ್ತಿದ್ದರು ನನ್ನವರು.

ಕೆಲಸದವರು ವಯಸ್ಸಾಗಿ ಬಿಟ್ಟರೆ ನಂಬರು ಸಾಯುವುದಿಲ್ಲ. ಅವರ ಪೆಟ್ಟಿಗೆ, ಉಳಿಗಳು, ಮುದ್ರೆ ಕಬ್ಬಿಣ, ಗೋಡೆಯಲ್ಲಿ ಅಂಗಿ ತೂಗುಹಾಕುವ ಮೊಳೆ, ಎಲ್ಲವನ್ನೂ ಎಲ್ಲರ ಎದುರು ಮುಂದಿನವರ ಕೈಗೆ ಕೊಡುತ್ತಾರೆ. ಆ ಕ್ಷಣದಿಂದ ಅವರೇ ಆ ನಂಬರು. ನನ್ನ ಗಂಡ ಒಂದನೇ ನಂಬರು. ಅವರು ತೀರಿಕೊಂಡ ಮೇಲೆ ಆ ಒಂದು ನನಗೆ ಬಂತು. ನನ್ನ ಮಗ ಐದು.

ಆರು ವರ್ಷದ ಹಿಂದೆ ಎಂಟನೇ ನಂಬರಿನ ಮುದುಕ ಕೆಲಸ ಬಿಟ್ಟ. ಅವನ ಪೆಟ್ಟಿಗೆಯನ್ನು ಒಬ್ಬ ಹುಡುಗಿಯ ಕೈಗೆ ಕೊಟ್ಟ. ಹುಡುಗಿ ಎಂದರೆ ಆಗ ಅವಳಿಗೆ ಇಪ್ಪತ್ತಮೂರು ವರ್ಷ, ಮದುವೆಯಾಗಿ ಒಂದು ಮಗುವಿನ ತಾಯಿ, ಬಡಗಿಯ ಮಗಳು. ಅವಳ ಕೈಯ ಉಳಿ ಮರಕ್ಕೆ ನೋವಾಗದ ಹಾಗೆ ಇಳಿಯುತ್ತದೆ. ಆ ಪೆಟ್ಟಿಗೆಯ ಮುಚ್ಚಳದ ಒಳಗಡೆ, ಪ್ಲಾಸ್ಟಿಕ್ ಕವರಿನಲ್ಲಿ, ಹಳೇ ಎಂಟರ ವಿಮಾ ಕಾರ್ಡು ಸಿಕ್ಕಿಸಿತ್ತು. ಉಳಿಯ ಜೊತೆ ಅದೂ ಹೋಯಿತು.

ಈಗ ನೀವು ನಗಬಹುದು. ನಾನು ನಿಜವಾಗಿಯೂ ಅದನ್ನು ತಪ್ಪು ಅಂದುಕೊಳ್ಳಲಿಲ್ಲ. ಕಾರ್ಡು ಎಂಟರದು, ಎಂಟು ಇದ್ದಾಳಲ್ಲ ಅಂದುಕೊಂಡೆ. ಒಂದು ತಿಂಗಳೂ ತಪ್ಪಿಸದೆ ಆ ಕಾರ್ಡಿಗೆ ವಿಮೆ ಕಟ್ಟಿದೆ. ಕಾರ್ಡುಗಳು ಬಂದ ಮೇಲೆ ಕೈ ಬದಲಾದದ್ದು ಆ ಒಂದೇ ನಂಬರು. ಅವಳಿಗೋ ಗಟ್ಟಿ ಮೈ, ಆರು ವರ್ಷದಲ್ಲಿ ಒಂದು ಜ್ವರ ಕೂಡ ಬರಲಿಲ್ಲ. ಹಾಗಾಗಿ ಕಾರ್ಡನ್ನು ಹೊರಗೆ ತೆಗೆಯುವ ಪ್ರಸಂಗವೇ ಬಂದಿರಲಿಲ್ಲ.

ಸೊಸೆ ಬಂದು ಹೇಳಿದ ದಿನಕ್ಕೆ ಮೂರು ವಾರ ಮುಂಚೆ ಬಂತು. ಹೆರೆಯುವ ಮೆಷಿನ್ನಿಗೆ ಮರ ಕೊಡುವಾಗ ಒಂದು ಗಂಟು ಸಿಡಿದು ಅವಳ ಎಡಗೈ ಜಾರಿತು. ಕಿರುಬೆರಳು ಮತ್ತು ಅದರ ಪಕ್ಕದ್ದು ಹೋದವು. ನಾನೇ ಬಟ್ಟೆ ಸುತ್ತಿ, ನಾನೇ ಆಸ್ಪತ್ರೆಗೆ ಓಡಿದೆ. ಅವಳು ದಾರಿಯುದ್ದಕ್ಕೂ ಅಳಲಿಲ್ಲ. "ಅಮ್ಮಾವ್ರೇ, ಇನ್ನು ಎಂಟೇ ಬೆರಳು. ನಂಬರಿಗೆ ಸರಿಹೋಯ್ತು" ಅಂದಳು. ಅಳಬೇಕಾದವಳು ಹಾಗಂದರೆ ಪಕ್ಕದಲ್ಲಿ ಕೂತವಳು ಏನು ಮಾಡಬೇಕು? ನಾನು ಅತ್ತುಬಿಟ್ಟೆ.

ಆಸ್ಪತ್ರೆಯವರು ಆ ಹೊತ್ತಿಗೆ ಕಾರ್ಡಿನ ನಂಬರು ಮಾತ್ರ ಬರೆದುಕೊಂಡು, ಹೊಲಿಗೆ ಹಾಕಿ ಮಲಗಿಸಿದರು. ಪರಿಹಾರದ ಅರ್ಜಿ ಹಾಕುವ ದಿನ ವಿಮಾ ಕಚೇರಿಯ ಗುಮಾಸ್ತ ಕಾರ್ಡು ತೆಗೆದು ನೋಡಿದರೆ, ಅದರಲ್ಲಿ ಪೊದೆ ಮೀಸೆಯ ಗಂಡಸು. ಗುಮಾಸ್ತ ಮೊದಲು ನಕ್ಕ. ಆಮೇಲೆ ನಗುವುದನ್ನು ನಿಲ್ಲಿಸಿ ಒಳಗೆ ಹೋದ. ಒಳಗಿನಿಂದ ಅಧಿಕಾರಿ ಬಂದರು. ಅವರಿಗೆ ನಾನು ಉಳಿ, ಪೆಟ್ಟಿಗೆ, ನಂಬರು ಎಂದೆಲ್ಲ ವಿವರಿಸಿದಷ್ಟೂ ಅವರ ಮುಖ ಬಿಗಿಯುತ್ತ ಹೋಯಿತು. ಅದರ ಫಲವೇ ಈ ದೂರು.

"ಹೆದರ್ಬೇಡಿ. ಬಂಧಿಸೋಕೆ ಮುಂಚೆನೇ ಕೋರ್ಟಿಗೆ ಹೋಗಿ ರಕ್ಷಣೆ ಕೇಳ್ಬಹುದು. ನಿರೀಕ್ಷಣಾ ಜಾಮೀನು ಅಂತಾರೆ. ಇವತ್ತೇ ಅರ್ಜಿ ಬರೀತೀನಿ" ಎಂದಳು ಸೊಸೆ.

"ನಾನು ಹೆದರಿಲ್ಲ."

ಸುಳ್ಳು. ಎರಡು ಬೀದಿ ಆಚೆ ಠಾಣೆ. ಅಲ್ಲಿಗೆ ನನ್ನನ್ನು ನಡೆಸಿಕೊಂಡು ಹೋದರೆ ದಾರಿಯಲ್ಲಿ ಬಣ್ಣದ ಅಂಗಡಿ, ದೀಪದ ಅಂಗಡಿ, ಗಾಜಿನ ಅಂಗಡಿ, ಎಲ್ಲರೂ ನಮ್ಮ ಏಣಿ ಕೊಂಡವರು. ಏಣಿಯಮ್ಮನನ್ನು ಮೋಸಕ್ಕೆ ಹಿಡಿದರಂತೆ ಎಂದು ಅವರು ಹೇಳಿಕೊಂಡರೆ, ಆಮೇಲೆ ಯಾವ ಧೈರ್ಯದ ಮೇಲೆ ಒಬ್ಬ ಮನುಷ್ಯ ನಮ್ಮ ಮೆಟ್ಟಿಲ ಮೇಲೆ ಕಾಲಿಟ್ಟಾನು?

ಸಾಯಂಕಾಲ ಅವಳು ಅರ್ಜಿ ಬರೆದು ತಂದು ಓದಿದಳು. ನನ್ನ ಸೊಸೆಯ ಬಗ್ಗೆ ಒಂದು ಮಾತು ಇಲ್ಲೇ ಹೇಳಬೇಕು. ಜಾಣೆ, ಕೋರ್ಟಿನಲ್ಲಿ ಎದುರಾಳಿಗಳ ಬೆವರಿಳಿಸುತ್ತಾಳೆ ಅಂತಾರೆ. ಆದರೆ ಎತ್ತರ ಎಂದರೆ ಪ್ರಾಣ ಹೋಗುತ್ತದೆ. ಮದುವೆಯಾಗಿ ಬಂದ ಹೊಸದರಲ್ಲಿ ಏಣಿಯ ಮನೆಗೆ ಬಂದವಳು ಒಂದು ಸಲ ಹತ್ತಲಿ ಎಂದು ಎಲ್ಲರೂ ತಮಾಷೆಗೆ ಹತ್ತಿಸಿದರು. ಎರಡನೇ ಮೆಟ್ಟಿಲಿಗೆ ಹೋಗಿ ಕಣ್ಣು ಮುಚ್ಚಿಕೊಂಡು ಇಳಿದುಬಿಟ್ಟಳು. ಐದು ವರ್ಷವಾಗಿತ್ತು, ನಾನು ಆಗಲೂ ಅವಳನ್ನು 'ಎರಡನೇ ಮೆಟ್ಟಿಲ ವಕೀಲಮ್ಮ' ಎಂದೇ ಕಾಡುತ್ತಿದ್ದೆ. ಅವಳು ಮೂಗು ಮುರಿಯುತ್ತಿದ್ದಳು.

ಅರ್ಜಿಯಲ್ಲಿ ಅವಳು ಬರೆದಿದ್ದಳು: ಅರ್ಜಿದಾರರು ಅರವತ್ತೊಂದು ವರ್ಷದ ವಿಧವೆ, ಗೃಹಿಣಿ, ಹೆಚ್ಚು ಓದಿದವರಲ್ಲ, ಕಾರ್ಖಾನೆಯ ವ್ಯವಹಾರ ಅವರಿಗೆ ತಿಳಿಯದು, ಕೆಲಸಗಾರರು ತೋರಿಸಿದಲ್ಲಿ ಸಹಿ ಹಾಕಿದ್ದಾರೆ.

"ಯಾರಮ್ಮ ಈ ಹೆಂಗಸು? ನಂಗೆ ಪರಿಚಯ ಇಲ್ವಲ್ಲ" ಅಂದೆ.

"ಅತ್ತೆ, ಇದು ಹೀಗೇ ಬರೆಯೋದು. ಜಡ್ಜ್ ಮುಂದೆ ಪಾಪ ಅನ್ನಿಸ್ಬೇಕು."

"ನನ್ನ ನೋಡಿ ಯಾರಿಗಾದ್ರೂ ಪಾಪ ಅನ್ನಿಸಿದ್ಯಾ, ಹುಟ್ಟಿದ್ದಾರಭ್ಯ? ಯಾವ ಮರದಲ್ಲಿ ಎಷ್ಟು ಗಂಟಿದೆ ಅಂತ ಕಣ್ಣು ಮುಚ್ಚಿ ಹೇಳ್ತೀನಿ. ವ್ಯವಹಾರ ತಿಳಿಯದಂತೆ!"

"ಅದು ನಂಗೊತ್ತು. ಕೋರ್ಟಿಗೆ ಗೊತ್ತಾಗೋದು ಬೇಡ." ಅವಳ ಧ್ವನಿ ಏರಿತು. "ಗೊತ್ತಿದ್ದೂ ಮಾಡಿದ್ರು ಅಂದ್ರೆ ಅಪರಾಧ ಆಗುತ್ತೆ. ಗೊತ್ತಿಲ್ದೆ ಮಾಡಿದ್ರು ಅಂದ್ರೆ ಇವತ್ತೇ ಜಾಮೀನು ಸಿಗುತ್ತೆ. ಇಷ್ಟೇ ವ್ಯತ್ಯಾಸ."

ನಾನು ಆ ಕೊನೆಯ ಸಾಲಿನ ಮೇಲೆ ಬೆರಳಿಟ್ಟೆ. "ಕೆಲಸಗಾರರು ತೋರಿಸಿದಲ್ಲಿ ಸಹಿ ಹಾಕಿದ್ದಾರೆ ಅಂದ್ರೆ, ಆ ಕಾರ್ಡನ್ನ ವಿಮಾ ಕಚೇರಿ ಕಿಟಕಿಯಲ್ಲಿ ತೋರಿಸಿದ್ದು ಯಾರು?"

ಅವಳು ಕಾಗದವನ್ನು ನನ್ನ ಬೆರಳಡಿಯಿಂದ ಎಳೆದುಕೊಂಡಳು. ನಾನೇ ಹೇಳಿದೆ.

"ಎಂಟು. ಅವಳ ಕೈಯಾರೆ ತೋರಿಸಿದ್ದಾಳೆ, ಇದ್ದ ಮೂರು ಬೆರಳಲ್ಲಿ ಹಿಡ್ಕೊಂಡು. ನಂಗೆ ಏನೂ ಗೊತ್ತಿಲ್ಲ ಅಂದ್ರೆ ಮೋಸ ಮಾಡಿದ್ದು ಅವಳು ಅಂತಾಗುತ್ತೆ. 'ಮತ್ತು ಇತರರು' ಅಂತ ಬರೆದಿದ್ದಾರಲ್ಲ, ಆ ಜಾಗಕ್ಕೆ ಅವಳ ಹೆಸರು ಬರುತ್ತೆ. ಪರಿಹಾರ ಹಾಗಿರ್ಲಿ, ಅವಳನ್ನ ಹಿಡ್ಕೊಂಡು ಹೋಗ್ತಾರೆ."

"ನನ್ನ ಕಕ್ಷಿದಾರರು ನೀವು, ಅತ್ತೆ. ನಾನು ನಿಮ್ಮನ್ನ ಉಳಿಸ್ಬೇಕು."

"ನನ್ನ ಉಳಿಸೋ ಹಾಗಿದ್ರೆ ನನ್ನನ್ನೇ ಉಳಿಸು. ಈ ಕಾಗದದ ಹೆಂಗಸನ್ನ ಉಳಿಸಿ ನಂಗೇನಾಗ್ಬೇಕು? ಪದ್ಧತಿ ನಮ್ಮದು, ಕಾರ್ಡು ದಾಟಿಸಿದ್ದು ನನ್ನ ಕಣ್ಣೆದುರು, ತಪ್ಪು ನಂದು, ಮೋಸ ಅಲ್ಲ. ಹಾಗೇ ಬರಿ."

ಮಗ ಒಂದು ಮೂಲೆಯಲ್ಲಿ ಕೂತು, ತಾಯಿಯ ಮುಖ ನೋಡಬೇಕೋ ಹೆಂಡತಿಯ ಮುಖ ನೋಡಬೇಕೋ ತಿಳಿಯದೆ ಚಹಾ ಲೋಟದೊಳಗೆ ನೋಡುತ್ತಿದ್ದ. ಸೊಸೆ ಮುಖ ಊದಿಸಿಕೊಂಡು ಎದ್ದು ಹೋದಳು. ಸ್ವಲ್ಪ ಹೊತ್ತಿಗೆ ಹಿಂದೆ ಬಂದು, ಲೇಖನಿ ತೆಗೆದು, "ಎಂಟರ ಪೂರ್ತಿ ಹೆಸರು ಹೇಳಿ, ತಂದೆ ಹೆಸರು, ಮನೆ ವಿಳಾಸ" ಎಂದಳು.

ನನಗೆ ಗೊತ್ತಿರಲಿಲ್ಲ. ಆರು ವರ್ಷ ನನ್ನ ಪಕ್ಕ ನಿಂತು ಕೆಲಸ ಮಾಡಿದವಳು. ಹೆಸರೇನೋ ನೆನಪಿತ್ತು, ಅದರ ಹಿಂದೆ ಮುಂದೆ ಏನೂ ಇಲ್ಲ. ಮನೆ ಯಾವ ಬೀದಿಯಲ್ಲಿದೆ ಎಂದು ಕೂಡ ಮಗನನ್ನು ಕೇಳಬೇಕಾಯಿತು. ನನ್ನ ಜಂಬಕ್ಕೆ ಅಲ್ಲೊಂದು ತೂತಿದೆ ಎಂದು ಆವತ್ತು ತಿಳಿಯಿತು. ನಾಚಿಕೆಯಾಯಿತು, ಹೇಳಲಿಲ್ಲ.

ಮಾರನೇ ದಿನ ಅರ್ಜಿ ಹೋಯಿತು. ವಿಚಾರಣೆ ಶುಕ್ರವಾರಕ್ಕೆ ಬಿತ್ತು. ಗುರುವಾರ ಬೆಳಿಗ್ಗೆ ಒಬ್ಬ ಪೇದೆ ಶೆಡ್ಡಿನ ಬಾಗಿಲಿಗೆ ಬಂದು, "ಯಜಮಾನಿ ಯಾರು?" ಎಂದ. ಉಳಿ, ಸುತ್ತಿಗೆ, ಮೆಷಿನ್ನು ಎಲ್ಲ ಒಟ್ಟಿಗೆ ನಿಂತವು. ನಮ್ಮ ಮೂರನೇ ನಂಬರಿನವನು ಮೆಲ್ಲಗೆ, "ಅಮ್ಮಾವ್ರು ಊರಲ್ಲಿಲ್ಲ" ಎಂದ. ನಾನು ಅವನ ಹಿಂದೆಯೇ ಇದ್ದೆ.

"ಊರಲ್ಲೇ ಇದ್ದೀನಿ, ಇಲ್ಲೇ ಇದ್ದೀನಿ. ಏನಾಗ್ಬೇಕು?" ಎಂದು ಮುಂದೆ ಬಂದೆ.

ಅವನು ಒಂದು ನೋಟೀಸು ಕೊಟ್ಟ. ಶನಿವಾರ ಹತ್ತು ಗಂಟೆಗೆ ಠಾಣೆಗೆ ಹಾಜರಾಗಬೇಕು. ಶುಕ್ರವಾರ ಕೋರ್ಟು ಜಾಮೀನು ಕೊಡದಿದ್ದರೆ ಶನಿವಾರ ಹೋದವಳು ಹಿಂದೆ ಬರುವುದಿಲ್ಲ ಎಂದು ನನಗೆ ಅರ್ಥವಾಯಿತು. ಪೇದೆ ಹೋದ ಮೇಲೆ ಮೂರನೆಯವನಿಗೆ ಚೆನ್ನಾಗಿ ಉಗಿದೆ. ಅವನು ತಲೆ ತಗ್ಗಿಸಿ ಉಗಿಸಿಕೊಂಡ. ಇಬ್ಬರಿಗೂ ಸಮಾಧಾನವಾಯಿತು.

ಶುಕ್ರವಾರ ಸೊಸೆ, "ನೀವು ಕೋರ್ಟಿಗೆ ಬರೋ ಅಗತ್ಯ ಇಲ್ಲ. ಬಂದ್ರೆ ಅಲ್ಲೇ ಹಿಡಿದ್ರೂ ಹಿಡೀಬಹುದು. ಮನೇಲಿರಿ" ಎಂದಳು.

"ಮನೇಲಿ ಅವಿತ್ಕೊಳ್ಳೋಕೆ ನಾನೇನು ಕದ್ದಿದ್ದೀನಾ?"

ಅವಳು ಹಣೆ ಚಚ್ಚಿಕೊಂಡಳು. ನಾನು ಹೋದೆ. ನನ್ನ ಜೊತೆ ಮಗ, ಕೈಗೆ ಬಿಳಿ ಪಟ್ಟಿ ಕಟ್ಟಿಕೊಂಡ ಎಂಟು, ಮತ್ತು ಹಳೇ ಎಂಟು. ಮುದುಕ ಮೀಸೆಗೆ ಎಣ್ಣೆ ಹಚ್ಚಿ ತೀಡಿಕೊಂಡು ಬಂದಿದ್ದ. "ಹಿಡಿಯೋದಾದ್ರೆ ನನ್ನ ಹಿಡೀಲಿ ಅಮ್ಮಾವ್ರೇ, ಕಾರ್ಡಲ್ಲಿ ಇರೋದು ನನ್ನ ಮೀಸೆ ತಾನೇ. ಮನೇಲಿ ಹೆಂಡತಿ ಬೈಗುಳಕ್ಕಿಂತ ಠಾಣೆ ವಾಸಿ" ಎಂದ. ಕೋರ್ಟಿನ ಹಜಾರದ ಕಂಬದ ಬಳಿ ಅದೇ ಪೇದೆ ನಿಂತಿದ್ದ. ನನ್ನನ್ನು ನೋಡಿ ನೆಟ್ಟಗಾದ.

ನ್ಯಾಯಾಧೀಶರು ವಯಸ್ಸಾದವರು, ಕನ್ನಡಕವನ್ನು ಹಣೆಗೇರಿಸಿಕೊಂಡೇ ಓದುತ್ತಿದ್ದರು. ಸೊಸೆ ಚೆನ್ನಾಗಿ ವಾದಿಸಿದಳು. ಮನೆಯಲ್ಲಿ ಅತ್ತೆಯ ಹತ್ತಿರ ಗೊಣಗುವ ಹುಡುಗಿ ಇವಳೇನಾ ಎಂದು ನಾನು ಹಿಂದಿನ ಬೆಂಚಿನಿಂದ ಕತ್ತು ಚಾಚಿ ನೋಡಿದೆ. ಅವಳು ಯಾವ ಕಾಗದವನ್ನೂ ನೋಡದೆ ಮಾತಾಡುತ್ತಿದ್ದಳು. ಆರು ವರ್ಷದಲ್ಲಿ ಒಂದು ಕಂತು ತಪ್ಪಿಲ್ಲ, ಗಾಯ ಸುಳ್ಳಲ್ಲ, ಗಾಯಾಳು ಸುಳ್ಳಲ್ಲ, ಇದರಿಂದ ಯಜಮಾನಿಗೆ ದಕ್ಕಿದ್ದು ಏನೂ ಇಲ್ಲ, ನಂಬರು ಕೈ ಬದಲಾಗುವ ಪದ್ಧತಿಯಿಂದ ಆದ ತಪ್ಪು ಇದು ಎಂದಳು.

ಸರ್ಕಾರಿ ವಕೀಲರು ಎದ್ದರು. ಭಾರಿ ಆಸಾಮಿ, ಎದ್ದಾಗ ಮೇಜೂ ಸ್ವಲ್ಪ ಎದ್ದಿತು. "ಮಹಾಸ್ವಾಮಿ, ತಪ್ಪು ನನ್ನದೇ ಅಂತ ಅರ್ಜಿದಾರರೇ ಬರೆದುಕೊಂಡಿದ್ದಾರೆ. ಇನ್ನೇನು ಬೇಕು? ನಂಬರಿನ ಈ ಕಥೆ ದೂರು ದಾಖಲಾದ ಮೇಲೆ ಕಟ್ಟಿದ್ದು. ಆರು ವರ್ಷದ ಹಿಂದೆ ಕೆಲಸ ಬಿಟ್ಟ ಗಂಡಸಿನ ಕಾರ್ಡಿನಲ್ಲಿ ಹೆಂಗಸಿಗೆ ಚಿಕಿತ್ಸೆ! ಇಂಥ ಪದ್ಧತಿ ಮೊದಲಿನಿಂದ ಇತ್ತು ಅನ್ನೋದಕ್ಕೆ ಒಂದು ಸಾಕ್ಷಿ ತೋರಿಸಲಿ. ಕಾರ್ಖಾನೆಯ ಒಳಗಿನ ಸಾಕ್ಷಿ ಬೇಡ, ಅದನ್ನು ಯಾರು ಬೇಕಾದರೂ ನಿನ್ನೆ ರಾತ್ರಿ ಮಾಡಿಟ್ಟಿರಬಹುದು. ಹೊರಗಿನದು ತೋರಿಸಲಿ."

ನ್ಯಾಯಾಧೀಶರು ಸೊಸೆಯ ಕಡೆ ನೋಡಿದರು. ಅವಳು ಮೊದಲ ಸಲ ತನ್ನ ಕಡತ ತಿರುವಿದಳು. ಹೊರಗಿನ ಸಾಕ್ಷಿ ಅದರಲ್ಲಿ ಇರಲಿಲ್ಲ. ಆ 'ತಪ್ಪು ನಂದು' ಎಂಬ ಸಾಲನ್ನು ಹಠ ಹಿಡಿದು ಬರೆಸಿದವಳು ನಾನು. ನನ್ನ ಹಠ ನನ್ನನ್ನು ಮುಳುಗಿಸಿದರೆ ಮುಳುಗಿಸಲಿ, ಈ ಹುಡುಗಿಗೆ ಎಲ್ಲರ ಎದುರು ಸೋಲಾಯಿತಲ್ಲ ಎಂದುಕೊಂಡೆ.

ಆಗ ಹೊಳೆಯಿತು.

"ಮಹಾಸ್ವಾಮಿ, ನಿಮ್ಮ ಕೋರ್ಟಲ್ಲೇ ಇದೆ" ಎಂದು ಎದ್ದು ನಿಂತೆ.

ಎಲ್ಲರೂ ತಿರುಗಿದರು. ಪೇದೆ ಬಾಗಿಲ ಒಳಗೆ ಒಂದು ಹೆಜ್ಜೆ ಇಟ್ಟ. ಸೊಸೆ ನನ್ನ ಕಡೆ ನೋಡಿದ ನೋಟವನ್ನು ನಾನು ಬರೆಯಲಾರೆ.

"ಯಾರು ನೀವು?" ನ್ಯಾಯಾಧೀಶರು ಕನ್ನಡಕ ಇಳಿಸಿದರು.

"ಮೊದಲ ಆರೋಪಿ. ನಿಮ್ಮ ಹಳೇ ಕಡತದ ಕೋಣೆಗೆ ನಮ್ಮ ಏಣಿ ಎರಡು ಕೊಟ್ಟಿದ್ದೀವಿ. ಒಂದು ಹದಿನಾರು ವರ್ಷದ ಹಿಂದೆ, ಇನ್ನೊಂದು ನಾಲ್ಕು ವರ್ಷದ ಹಿಂದೆ. ಎರಡೂ ಎಂಟನೇ ನಂಬರಿನವೇ. ಮೊದಲನೇದು ಮಾಡಿದ್ದು ಇಗೋ ಈ ಮುದುಕಪ್ಪ. ಎರಡನೇದು ಈ ಹುಡುಗಿ. ಮುದುಕಪ್ಪ ಆರು ವರ್ಷದ ಹಿಂದೆ ಬಿಟ್ಟ ಅಂತ ಅವ್ರೇ ದೂರಲ್ಲಿ ಬರೆದಿದ್ದಾರಲ್ಲ, ಹಾಗಾದ್ರೆ ನಾಲ್ಕು ವರ್ಷದ ಹಿಂದಿನ ಏಣಿಗೆ ಎಂಟರ ಮುದ್ರೆ ಹೇಗೆ ಬಂತು? ಮೇಲಿನ ಮೆಟ್ಟಿಲ ನೆತ್ತಿ ಮೇಲಿದೆ. ನೋಡಿಸಿ."

ಕೋರ್ಟಿನಲ್ಲಿ ಪಿಸುಪಿಸು ಮಾತು ಶುರುವಾಯಿತು. ನ್ಯಾಯಾಧೀಶರು ಸ್ವಲ್ಪ ಯೋಚಿಸಿ, ಶಿರಸ್ತೇದಾರರನ್ನು ಕರೆದು, ಎರಡೂ ಕಡೆಯ ವಕೀಲರ ಸಮ್ಮುಖದಲ್ಲಿ ಏಣಿಗಳನ್ನು ನೋಡಿ ವರದಿ ಕೊಡಿ, ಖರೀದಿಯ ಕಾಗದವನ್ನೂ ತನ್ನಿ, ಅರ್ಧ ಗಂಟೆ ಸಮಯ ಎಂದರು.

ಕಡತದ ಕೋಣೆ ಹಜಾರದ ಕೊನೆಯಲ್ಲಿ. ನೆಲದಿಂದ ಚಾವಣಿಯವರೆಗೆ ಕಬ್ಬಿಣದ ಕಪಾಟುಗಳು, ಗಂಟು ಕಟ್ಟಿದ ಕಾಗದಗಳು, ದೂಳು. ನಮ್ಮ ಏಣಿಗಳೆರಡೂ ಮೇಲಿನ ಕಬ್ಬಿಣದ ಸರಳಿಗೆ ಕೊಕ್ಕೆ ಹಾಕಿಕೊಂಡು ನಿಂತಿದ್ದವು. ನೋಡಿ ಪಕ್ಕನೆ ಗುರುತಿಸಿದೆ. ಹದಿನಾರು ವರ್ಷ ಜನ ತುಳಿದ ಮೆಟ್ಟಿಲು ನಡುವೆ ಸವೆದಿತ್ತು, ಒಂದು ಕೀಲೂ ಸಡಿಲವಾಗಿರಲಿಲ್ಲ. ಹಳೇ ಎಂಟು ಬಾಗಿಲ ಹೊರಗಿನಿಂದಲೇ ಇಣುಕಿ, "ನಂದೇ, ನಂದೇ" ಎಂದ.

ಕೊಕ್ಕೆ ಬಿಚ್ಚಿ ಕೆಳಗಿಳಿಸುತ್ತೇನೆ, ಹತ್ತು ನಿಮಿಷದ ಕೆಲಸ ಎಂದೆ. ಆರೋಪಿ ಮುಟ್ಟುವ ಹಾಗಿಲ್ಲ ಎಂದರು ಶಿರಸ್ತೇದಾರರು. ಹತ್ತುತ್ತೇನೆ ಎಂದೆ. ಅದೂ ಇಲ್ಲ. ಮಗನಿಗೆ ಒಳಗೇ ಪ್ರವೇಶವಿಲ್ಲ. ಕೋಣೆಯ ಜವಾನ ಆ ವಾರ ಮಂಡಿ ನೋವಿನ ರಜೆಯಲ್ಲಿದ್ದ. ವರದಿ ಬರೆಯಬೇಕಾದ ಶಿರಸ್ತೇದಾರರು ಸರ್ಕಾರಿ ವಕೀಲರ ಕಡೆ ನೋಡಿದರು, ಸರ್ಕಾರಿ ವಕೀಲರು ತಮ್ಮ ಹೊಟ್ಟೆಯ ಕಡೆ ನೋಡಿಕೊಂಡರು. "ಸಾಕ್ಷಿ ಬೇಕಾಗಿರೋದು ಅವರಿಗೆ. ಅವರೇ ಹತ್ತಲಿ. ನಾನು ಕೆಳಗಿಂದ ನೋಡ್ತೀನಿ" ಎಂದರು.

ಸೊಸೆ ಏಣಿಯನ್ನು ಬುಡದಿಂದ ತುದಿಯವರೆಗೆ ನೋಡಿದಳು. ಹದಿನಾಲ್ಕು ಮೆಟ್ಟಿಲು. ಮುಖ ಸುಣ್ಣದಂತಾಯಿತು.

ನಾನು ಅವಳ ಹತ್ತಿರ ಹೋಗಿ ಮೆಲ್ಲಗೆ, "ಬೇಡ ಬಿಡಮ್ಮ. ಬೇರೆ ಯಾರನ್ನಾದ್ರೂ ಕಳಿಸಿ ಅಂತ ಕೇಳೋಣ" ಎಂದೆ.

"ಅರ್ಧ ಗಂಟೆ ಅಂದಿದ್ದಾರೆ. ಈ ಮೆಟ್ಟಿಲು ತಡ್ಯುತ್ತಾ?" ಎಂದು ಕೇಳಿದಳು.

ಬೇರೆ ಯಾರಾದರೂ ಹಾಗೆ ಕೇಳಿದ್ದರೆ ಜಗಳವೇ ಆಗುತ್ತಿತ್ತು. "ಆ ಸರ್ಕಾರಿ ವಕೀಲರು ಇಬ್ಬರು ಒಟ್ಟಿಗೆ ಹತ್ತಿದ್ರೂ ತಡ್ಯುತ್ತೆ" ಎಂದೆ.

ಅವಳು ಚಪ್ಪಲಿ ಬಿಟ್ಟಳು. ಮೊದಲನೇ ಮೆಟ್ಟಿಲು, ಎರಡನೇ ಮೆಟ್ಟಿಲು. ಅಲ್ಲಿ ನಿಂತಳು. ಐದು ವರ್ಷ ನಾನು ಅವಳನ್ನು ಆ ಎರಡನೇ ಮೆಟ್ಟಿಲಲ್ಲೇ ನಿಲ್ಲಿಸಿ ನಕ್ಕಿದ್ದೆನಲ್ಲ, ಆ ನಗು ಎಲ್ಲ ಈಗ ನನಗೇ ಚುಚ್ಚಿತು. ಅವಳು ಮೂರನೆಯದಕ್ಕೆ ಕಾಲಿಟ್ಟಳು. ಕಣ್ಣು ಮುಚ್ಚಲಿಲ್ಲ. ಏಣಿ ಕಿರ್ ಎನ್ನಲಿಲ್ಲ. ಒಂದೊಂದೇ ಹತ್ತಿ, ತುದಿಯ ಮೇಲಕ್ಕೆ ತಲೆ ಬರುವಷ್ಟು ಹೋಗಿ, ಮೇಲಿನ ಮೆಟ್ಟಿಲನ್ನು ನೋಡಿದಳು.

"ಕಾಣ್ತಾ?" ಎಂದರು ಶಿರಸ್ತೇದಾರರು, ಕಾಗದ ಹಿಡಿದುಕೊಂಡು.

"ಎಂಟು!" ಎಂದು ಅವಳು ಕೂಗಿದಳು. ಧ್ವನಿ ನಡುಗುತ್ತಿತ್ತು. ಆಮೇಲೆ ಇಸವಿ ಓದಿದಳು. ಹದಿನಾರು ವರ್ಷದ ಹಿಂದಿನದು. ಶಿರಸ್ತೇದಾರರು ಬರೆದುಕೊಂಡರು.

ನನ್ನ ಬಾಯಿ ತಾನಾಗಿ ತೆರೆದುಕೊಂಡಿತು. "ಇಳಿ" ಎಂದೆ.

ಅವಳು ಮೇಲಿನಿಂದ ಕೆಳಗೆ ನನ್ನ ಕಡೆ ನೋಡಿದಳು. ಹೆದರಿಕೆಯ ನಡುವೆ ನಗು ಬಂದುಬಿಟ್ಟಿತು ಅವಳಿಗೆ. ಇಳಿದು, ಒಂದು ಗುಟುಕು ನೀರೂ ಕುಡಿಯದೆ ಎರಡನೇ ಏಣಿ ಹತ್ತಿದಳು. ಅದರ ಮೇಲೆ ದೂಳು ದಪ್ಪಗೆ ಕೂತಿತ್ತು, ಮುದ್ರೆ ಕಾಣಲಿಲ್ಲ. ಫೋಟೋ ಬೇಕು ಎಂದರು ಸರ್ಕಾರಿ ವಕೀಲರು. ಅವಳು ಒಂದು ಕೈ ಬಿಟ್ಟು ಫೋನು ತೆಗೆದಳು. ಇನ್ನೊಂದು ಕೈಯನ್ನೂ ಬಿಟ್ಟು ಕೋಟಿನ ತೋಳಿನಿಂದ ದೂಳು ಒರೆಸಿದಳು. ಹದಿನಾಲ್ಕು ಮೆಟ್ಟಿಲ ಏಣಿಯ ತುದಿಯಲ್ಲಿ ಎರಡೂ ಕೈ ಬಿಟ್ಟು ನಿಂತಿದ್ದಳು ನನ್ನ ಸೊಸೆ. ಅವಳಿಗೆ ಅದು ಗೊತ್ತೇ ಇರಲಿಲ್ಲ. ನನಗೆ ಗೊತ್ತಿತ್ತು. ಆ ಹೊತ್ತಿನಲ್ಲಿ ನನ್ನನ್ನು ಪೊಲೀಸರು ಹಿಡಿದುಕೊಂಡು ಹೋಗಿದ್ದರೂ ನಾನು ನಗುನಗುತ್ತ ಹೋಗುತ್ತಿದ್ದೆ.

"ಎಂಟು!" ಈ ಸಲ ಧ್ವನಿ ನಡುಗಲಿಲ್ಲ. ಇಸವಿ ನಾಲ್ಕು ವರ್ಷದ ಹಿಂದಿನದು. ಖರೀದಿಯ ಕಾಗದದಲ್ಲೂ ಅದೇ ಇಸವಿ.

ಸರ್ಕಾರಿ ವಕೀಲರು ಕೆಟ್ಟವರಲ್ಲ. ಹೊರಗೆ ಬರುವಾಗ ನನ್ನ ಪಕ್ಕ ನಡೆಯುತ್ತ, "ನಿಜಕ್ಕೂ ನನ್ನಂಥವರಿಬ್ಬರನ್ನ ತಡ್ಯುತ್ತಾ?" ಎಂದು ಕೇಳಿದರು. ಕೇಳಿಸಿಕೊಂಡಿದ್ದರು ಪುಣ್ಯಾತ್ಮ.

ನ್ಯಾಯಾಧೀಶರು ವರದಿ ಓದಿ, ಫೋಟೋ ನೋಡಿ, ಆದೇಶ ಹೇಳಿದರು. ಮೋಸದ ಉದ್ದೇಶ ಮೇಲ್ನೋಟಕ್ಕೆ ಕಾಣುವುದಿಲ್ಲ. ಬಂಧಿಸುವ ಸಂದರ್ಭ ಬಂದರೆ ಅರ್ಜಿದಾರರನ್ನು ಜಾಮೀನಿನ ಮೇಲೆ ಕೂಡಲೇ ಬಿಡತಕ್ಕದ್ದು. ಕರೆದಾಗ ಠಾಣೆಗೆ ಹೋಗಿ ಹೇಳಿಕೆ ಕೊಡಬೇಕು, ತನಿಖೆಗೆ ಸಹಕರಿಸಬೇಕು. ಆಮೇಲೆ ಕನ್ನಡಕ ಹಣೆಗೇರಿಸಿ ನನ್ನನ್ನು ನೋಡಿ, "ಅಮ್ಮ, ಏಣಿಗೆ ನಂಬರು ಸಾಕು. ಮನುಷ್ಯರಿಗೆ ಹೆಸರೂ ಬೇಕು. ಹೋಗಿ ಆಕೆಯ ಹೆಸರಲ್ಲಿ ಕಾರ್ಡು ಮಾಡಿಸಿ" ಎಂದರು. ಬೇರೆಯವರು ಹೇಳಿದ್ದರೆ ಎದುರು ಮಾತಾಡುತ್ತಿದ್ದೆ. ಅವರಿಗೆ ಕೈ ಮುಗಿದೆ, ಯಾಕೆಂದರೆ ಮಾತು ನಿಜವಾಗಿತ್ತು.

ಜಾಮೀನಿನ ಕಾಗದ ತುಂಬುವ ಗುಮಾಸ್ತ, "ಅರ್ಜಿದಾರರ ಉದ್ಯೋಗ? ಗೃಹಿಣಿ ಅಂತ ಹಾಕ್ಲಾ?" ಎಂದ.

"ಏಣಿ ಮಾಡ್ತಾರೆ ಅಂತ ಹಾಕಿ" ಎಂದಳು ಸೊಸೆ, ನನ್ನ ಕಡೆ ನೋಡದೆ.

ದಾರಿಯಲ್ಲಿ ಅವಳು, "ಅತ್ತೆ, ಈಗಲಾದ್ರೂ ನಂಗೊಂದು ನಂಬರ್ ಕೊಡ್ತೀರಾ?" ಎಂದಳು.

"ಹತ್ತಿದ್ದಕ್ಕೆಲ್ಲ ನಂಬರ್ ಕೊಡಲ್ಲ. ಒಂದು ಏಣಿ ಮಾಡು, ಕೊಡ್ತೀನಿ" ಎಂದೆ. ಅವಳು ಮೂಗು ಮುರಿದಳು. ಆದರೆ ಎರಡನೇ ಮೆಟ್ಟಿಲ ಮಾತನ್ನು ನಾನು ಆವತ್ತೇ ಬಿಟ್ಟೆ.

ಶನಿವಾರ ಹತ್ತು ಗಂಟೆಗೆ ಠಾಣೆಗೆ ಹೋದೆ. ಬಣ್ಣದ ಅಂಗಡಿ, ದೀಪದ ಅಂಗಡಿ, ಗಾಜಿನ ಅಂಗಡಿ, ಎಲ್ಲರ ಎದುರು, ನಡುರಸ್ತೆಯಲ್ಲಿ, ತಲೆ ಎತ್ತಿ ನಡೆದುಕೊಂಡು ಹೋದೆ. ಹೇಳಿಕೆ ಕೊಟ್ಟು ಊಟದ ಹೊತ್ತಿಗೆ ಹಿಂದೆ ಬಂದೆ. ಎರಡು ತಿಂಗಳಲ್ಲಿ ವಿಮಾ ಕಚೇರಿಯವರು ದಾಖಲೆ ತಿದ್ದಿದರು, ದೂರು ಹಿಂದೆ ತೆಗೆದುಕೊಂಡರು, ಎಂಟನೆಯವಳಿಗೆ ಪರಿಹಾರ ಬಂತು. ಹೊಸ ಕಾರ್ಡಿನ ಅರ್ಜಿಗಳನ್ನು ನಾನೇ ಕೂತು ತುಂಬಿದೆ. ಹತ್ತು ಜನರ ಹೆಸರು, ತಂದೆ ತಾಯಿಯ ಹೆಸರು, ಮನೆಯ ಬೀದಿ, ಮಕ್ಕಳೆಷ್ಟು ಎಂದು ಕೇಳಿ ಕೇಳಿ ಬರೆದೆ. ಮೂರನೆಯವನ ತಾಯಿಯ ಹೆಸರೂ ನನ್ನ ತಾಯಿಯ ಹೆಸರೂ ಒಂದೇ ಎಂದು ಮೂವತ್ತು ವರ್ಷದ ಮೇಲೆ ಗೊತ್ತಾಯಿತು.

ಎಂಟು ಗಾಯ ಒಣಗಿ ಕೆಲಸಕ್ಕೆ ಬಂದಳು. ಎಂಟು ಬೆರಳಲ್ಲಿ ಉಳಿ ಹಿಡಿಯುವುದನ್ನು ಮೊದಲಿನಿಂದ ಕಲಿತಳು. ಹದಿನೈದು ದಿನಕ್ಕೆ ಒಂದು ಏಣಿ ಮುಗಿಸಿದಳು, ಹದಿನಾರು ಮೆಟ್ಟಿಲಿನದು. ಕೀಲುಗಳನ್ನು ನಾನು ಒಂದೊಂದಾಗಿ ಸವರಿ ನೋಡಿದೆ, ಎಲ್ಲೂ ಕೂದಲೆಳೆಯಷ್ಟು ಸಂದಿ ಇರಲಿಲ್ಲ. ಅವಳು ಹತ್ತುವಾಗ ಎಲ್ಲರೂ ಕೆಲಸ ಬಿಟ್ಟು ಸುತ್ತ ನಿಂತರು. ಅವತ್ತು ಸೊಸೆಯೂ ಇದ್ದಳು. ಎಂಟು ತುದಿಗೆ ಹೋಗಿ, ಒಂದು ಕೈ ಬಿಟ್ಟು, ಆ ಮೂರು ಬೆರಳಿನ ಕೈಯನ್ನೂ ಬಿಟ್ಟು, ನೆಟ್ಟಗೆ ನಿಂತು, ಕೂಗಿದಳು.

"ಎಂಟು!"

ನಾನು 'ಇಳಿ' ಎನ್ನಬೇಕು. ಆ ಮೂರು ಬೆರಳನ್ನೇ ನೋಡುತ್ತ ಹೇಳುವುದನ್ನು ಮರೆತು ನಿಂತುಬಿಟ್ಟೆ. ಎಲ್ಲರೂ ನನ್ನ ಕಡೆ ನೋಡುತ್ತಿದ್ದರು.

"ಅಮ್ಮಾವ್ರೇ, ಊಟದ ಹೊತ್ತಾಯ್ತು!" ಎಂದಳು ಮೇಲಿನಿಂದ.

ನನ್ನ ಪಕ್ಕದಲ್ಲಿ ನಿಂತಿದ್ದ ಸೊಸೆ ನನ್ನ ಕೈ ಹಿಡಿದುಕೊಂಡು, ಕೋರ್ಟಿನಲ್ಲಿ ಮಾತಾಡುವ ಆ ಧ್ವನಿಯಲ್ಲಿ, "ಇಳಿ" ಎಂದಳು. ಎಂಟು ಇಳಿದು ಬಂದು ಮುದ್ರೆ ಕಬ್ಬಿಣವನ್ನು ಬೆಂಕಿಗಿಟ್ಟಳು.